ಹೆಚ್ಚಿಗೆ ಬಂದ ಇಂಕ್ರಿಮೆಂಟೂ ಅತ್ತೆಯ ಪಾಟಲಿಯೂ

ಸಂಬಳ ಸಾಲದೆಂದು ಸರಕಾರಕ್ಕೆ ಅರ್ಜಿ ಹಾಕಿದ ಮಾಸ್ತರರನ್ನು ನೀವು ಬೇಕಾದಷ್ಟು ನೋಡಿರಬಹುದು. ಸಂಬಳ ಹೆಚ್ಚಾಯಿತೆಂದು ಅರ್ಜಿ ಹಾಕಿದವರನ್ನು ನೋಡಿದ್ದೀರಾ? ನಾನು ನೋಡಿದ್ದೇನೆ. ಅವರು ನನ್ನ ಸೋದರಮಾವ! ಜಮಖಂಡಿ ತಾಲೂಕಿನ ಸರಕಾರಿ ಶಾಲೆಯೊಂದರಲ್ಲಿ ಗಣಿತ ಕಲಿಸುತ್ತಿದ್ದರು.

ಒಂದು ಸಲ ಕಚೇರಿಯವರ ತಪ್ಪಿನಿಂದ ಅವರಿಗೂ ಸುತ್ತಲಿನ ಹತ್ತಾರು ಮಾಸ್ತರರಿಗೂ ಒಂದು ಇಂಕ್ರಿಮೆಂಟು ಹೆಚ್ಚಿಗೆ ಸೇರಿತು. ಉಳಿದವರು ಪೇಢೆ ಹಂಚಿದರು. ಮಾಮಾ ಮಾತ್ರ, "ನನಗೆ ಹೆಚ್ಚು ಬರುತ್ತಿದೆ, ದಯಮಾಡಿ ಕಡಿಮೆ ಮಾಡಬೇಕು" ಎಂದು ಕಚೇರಿಗೆ ಪತ್ರ ಬರೆದರು. ಉತ್ತರವಿಲ್ಲ. ಮರುವರ್ಷ ಮತ್ತೆ ಬರೆದರು. ಅದಕ್ಕೂ ಇಲ್ಲ. ಕೊನೆಗೆ ಖುದ್ದಾಗಿ ಹೋದರೆ ಅಲ್ಲಿಯ ಗುಮಾಸ್ತ ಇವರನ್ನು ಮೇಲಿಂದ ಕೆಳಗೆ ನೋಡಿ, "ಮನ್ಯಾಗ ಎಲ್ಲಾ ಆರಾಮ ಅದಾರಿಲ್ರಿ ಸರ?" ಎಂದು ಕೇಳಿದನಂತೆ!

ಸರಕಾರ ತೆಗೆದುಕೊಳ್ಳದಿದ್ದರೇನು? ಮಾಮಾ ವರ್ಷಕ್ಕೊಂದು ಪತ್ರ ಬರೆಯುವುದನ್ನು ಬಿಡದೆ, ಆ ಹೆಚ್ಚಿನ ಹಣವನ್ನು ತಿಂಗಳು ತಿಂಗಳು ಪೋಸ್ಟಾಫೀಸಿನಲ್ಲಿ ಬೇರೆಯಾಗಿ ಕಟ್ಟತೊಡಗಿದರು. ಮಗಳ ಮದುವೆಗೆ ಸಾಲದೆ ಬಂದು, ಅತ್ತೆ ತನ್ನ ತವರಿನ ಪಾಟಲಿ ಬಳೆಗಳನ್ನು ಮಹಾಲಿಂಗಪುರದ ಸಾವುಕಾರನಲ್ಲಿ ಒತ್ತೆ ಇಟ್ಟಾಗಲೂ ಆ ಪಾಸ್‌ಬುಕ್ಕು ಟ್ರಂಕಿನಿಂದ ಹೊರಗೆ ಬರಲಿಲ್ಲ.

"ರೊಕ್ಕ ಮನ್ಯಾಗ ಇಟಗೊಂಡು ಬಂಗಾರ ಒತ್ತಿ ಇಡೂದು ಯಾವ ಲೆಕ್ಕಾರಿ?" ಎಂದು ಅತ್ತೆ ಕೇಳಿದಳು.

"ಅದು ಸರಕಾರದ್ದ ಐತಿ. ನಾವು ಬರೇ ಕಾಯಾವ್ರು."

ಇಂಥ ತಲೆಯೊಳಗೆ ಏನು ನಡೆಯುತ್ತಿರುತ್ತದೆ? ಬಾಗಿಲು ತೆರೆದು ಒಮ್ಮೆ ಇಣುಕಿ ನೋಡಬೇಕೆಂದು ನನಗೆ ಎಷ್ಟೋ ಸಲ ಅನ್ನಿಸಿದ್ದುಂಟು.

ಕೆಲವು ವರ್ಷಗಳ ಮೇಲೆ ಕಚೇರಿಗೆ ಎಚ್ಚರವಾಯಿತು. ಹೆಚ್ಚಿಗೆ ಕೊಟ್ಟದ್ದನ್ನೆಲ್ಲ ಸಂಬಳದಲ್ಲಿ ಮುರಿದುಕೊಳ್ಳುತ್ತೇವೆಂದು ನೋಟೀಸು ಬಂತು. ಮುಧೋಳ, ಬೀಳಗಿ ಕಡೆಯ ಮಾಸ್ತರರೆಲ್ಲ ಹೌಹಾರಿ ಕೋರ್ಟಿಗೆ ಹೋಗಲು ನಿಂತರು. ಮಾಮಾ ಹೊಸ ಅಂಗಿ ತೊಟ್ಟು, ಪಾಸ್‌ಬುಕ್ಕು ಹಿಡಿದು ಬಸ್‌ಸ್ಟ್ಯಾಂಡಿಗೆ ಹೊರಟರು! ಅವರನ್ನು ದಾರಿಯಲ್ಲೇ ತಡೆದು ಮನೆಗೆ ತಂದವರು ಮೂವರು ಮಾಸ್ತರರು, ಒಬ್ಬ ವಕೀಲರು.

"ನೀವು ರೊಕ್ಕ ತಿರುಗಿ ತುಂಬಿದ್ರ ನಮ್ಮ ಕೇಸ ಬೀಳತೈತ್ರಿ ಸರ. ಇದಕ್ಕೊಂದು ಸಹಿ ಮಾಡ್ರಿ" ಎಂದು ಒಬ್ಬರು ಕೋರ್ಟಿನ ಅರ್ಜಿಯನ್ನು ಮುಂದಿಟ್ಟರು.

ಮಾಮಾ ಓದಿದರು. "ಹೆಚ್ಚು ಬರುತ್ತಿದ್ದುದು ನಮಗೆ ತಿಳಿದಿರಲಿಲ್ಲ" ಎಂಬ ಸಾಲಿನ ಹತ್ತಿರ ನಿಂತರು. ಕಿಸೆಯಿಂದ ಕೆಂಪು ಪೆನ್ನು ತೆಗೆದು ಅದನ್ನು ಹೊಡೆದುಹಾಕಿ, ಅಂಚಿನಲ್ಲಿ ಬರೆದರು: "ನನಗೆ ತಿಳಿದಿತ್ತು. ತಿಳಿಸಿಯೂ ಇದ್ದೆ." ರೂಢಿಬಲ ನೋಡಿ, ಕೆಳಗೆ ಹತ್ತಕ್ಕೆ ನಾಲ್ಕು ಅಂಕವನ್ನೂ ಕೊಟ್ಟುಬಿಟ್ಟರು!

ಮಾಸ್ತರರು ತಲೆಯ ಮೇಲೆ ಕೈ ಹೊತ್ತು ಕೂತರು. ಬಾಗಿಲಲ್ಲಿ ನಿಂತ ಅತ್ತೆಯ ಮುಖ ಸಣ್ಣದಾಯಿತು. ಈ ಹಣ ಹೋದರೆ ಪಾಟಲಿಯನ್ನು ಬಿಡಿಸುವ ಬೇರೆ ದಾರಿ ಅವಳಿಗಿರಲಿಲ್ಲ. ವಕೀಲರು ಮಾತ್ರ ಮೆಲ್ಲಗೆ ಕೇಳಿದರು: "ತಿಳಿಸಿದ್ದಕ್ಕ ನಕಲು ಅದಾವೇನ್ರಿ?"

ಇಲ್ಲದೆ ಏನು? ವರ್ಷಕ್ಕೊಂದು, ಕಚೇರಿಯ ಸಿಕ್ಕಾ ಸಮೇತ!

ಗೆಲ್ಲಿಸಿದ್ದು ಆ ನಕಲುಗಳೇ. ತಪ್ಪನ್ನು ಒಬ್ಬರು ಬರೆದು ತಿಳಿಸಿದರೂ ಎಲ್ಲರಿಗೂ ಕಣ್ಣು ಮುಚ್ಚಿ ಕೊಡುತ್ತ ಬಂದ ಕಚೇರಿ, ಈಗ ಯಾರಿಂದಲೂ ವಸೂಲು ಮಾಡುವಂತಿಲ್ಲ ಎಂದಿತು ಕೋರ್ಟು. ಮಾಮಾ ತೀರ್ಪಿನ ಪ್ರತಿಯನ್ನು ಮೂರು ದಿನ ಓದಿದರು, ಎಲ್ಲಾದರೂ ತಪ್ಪು ಸಿಕ್ಕೀತೆಂದು. ಸಿಗಲಿಲ್ಲ.

ನಾಲ್ಕನೆಯ ದಿನ ಯಾರಿಗೂ ಹೇಳದೆ ಪೋಸ್ಟಾಫೀಸಿಗೆ ಹೋಗಿ, ಅಲ್ಲಿಂದ ಮಹಾಲಿಂಗಪುರಕ್ಕೆ ಹೋಗಿ ಪಾಟಲಿ ಬಿಡಿಸಿಕೊಂಡು ಬಂದರು. ಅತ್ತೆಯೂ ನಾನೂ ಕೂತಿದ್ದ ಅಡುಗೆಮನೆಗೆ ನೇರ ನಡೆದು, "ಕೈ ತಾ ಇಲ್ಲೆ" ಎಂದು ತಾವೇ ತೊಡಿಸಿದರು. ಬಳೆಗಳು ಜರ್ರನೆ ಮೊಣಕೈವರೆಗೆ ಜಾರಿದವು. ಅಷ್ಟು ವರ್ಷಗಳಲ್ಲಿ ಅತ್ತೆ ಅಷ್ಟು ಸೊರಗಿದ್ದಳು.

ಮಾಮಾ ಆ ಕೈಯನ್ನು ನೋಡುತ್ತ ನಿಂತರು.

"ಇಷ್ಟ ಸಣ್ಣ ಆಗೇತಲ್ಲ... ನನಗ ಗೊತ್ತ ಆಗಲಿಲ್ಲ."

"ಇರಲಿ ಬಿಡ್ರಿ. ದಾರ ಸುತ್ತಿ ಹಾಕ್ಕೋತೇನಿ" ಎಂದಳು ಅತ್ತೆ.

ಮಾಮಾ ದಾರದ ಉಂಡೆ ಹುಡುಕಿ ತಂದು, ಅವಳ ಹತ್ತಿರ ನೆಲದ ಮೇಲೆ ಕೂತು, ತಾವೇ ಸುತ್ತತೊಡಗಿದರು. ನನ್ನ ಕಣ್ಣು ತುಂಬಿ ಬಂದವು. ನಾನು ಹೊರಗೆ ಬಂದುಬಿಟ್ಟೆ.