ಕೊಟ್ರೇಶನ ರೊಟ್ಟಿ ಪ್ರತಾಪ

ಗಂಡಸರಿಗೆ ಬಾಯಿ ಕೊಟ್ಟ ದೇವರು ಅದನ್ನು ಮುಚ್ಚುವ ಬುದ್ಧಿಯನ್ನೂ ಕೊಟ್ಟಿದ್ದರೆ, ಶಿಕಾರಿಪುರದ ಬಟ್ಟೆ ಅಂಗಡಿ ಕೊಟ್ರೇಶ ಒಂಬತ್ತು ದಿನದಿಂದ ಬ್ರೆಡ್ಡು ಬಾಳೆಹಣ್ಣಿನಲ್ಲಿ ಜೀವ ಹಿಡಿಯಬೇಕಾಗಿರಲಿಲ್ಲ. "ರೊಟ್ಟಿ ಬಡಿಯೋದೇನು ಮಹಾ ವಿದ್ಯೆ? ನೀನಿಲ್ದಿದ್ರೂ ನಾನೇ ಬಡ್ಕೊಂಡು ತಿಂತೀನಿ" ಎಂದು ಅವನು ಗುಡುಗಿದ್ದೇ ತಡ, ಹೆಂಡತಿ ಜಗದಾಂಬ "ತಿನ್ನಿ ಹಾಗಾದ್ರೆ" ಎಂದು ಬ್ಯಾಗು ಹಿಡಿದು ಸೊರಬದ ತವರಿಗೆ ಬಸ್ಸು ಹತ್ತಿದ್ದಳು. ಅಂದಿನಿಂದ ಅವನು ಬಡಿದ ಜೋಳದ ರೊಟ್ಟಿಗಳಲ್ಲಿ ಒಂದೂ ಹಂಚಿನವರೆಗೆ ಇಡಿಯಾಗಿ ತಲುಪಿರಲಿಲ್ಲ. (ಒಂದು ತಲುಪಿತ್ತು. ಅದು ಹಂಚು ಬಿಟ್ಟು ಬರಲಿಲ್ಲ.)

ಹತ್ತನೆಯ ದಿನ, "ತಪ್ಪಾತು, ಬಾ" ಎಂದು ಹೇಳಿಯೇ ಬಿಡುವುದೆಂದು ಉಚ್ಚಂಗಪ್ಪನ ಎಸ್‌ಟಿಡಿ ಬೂತಿಗೆ ಹೋದ. ಬೂತಿನ ಬಾಗಿಲ ಕೀಲು ಮುರಿದು ಯುಗವಾಗಿತ್ತು. ಹೊರಗೆ ಬೆಂಚಿನ ಮೇಲಿದ್ದ ಏಳೆಂಟು ಜನ ತಮ್ಮ ಸರದಿಗಿಂತ ಅವನ ಸಂಸಾರಕ್ಕೇ ಕಾದಂತಿತ್ತು. ಸೊರಬದಲ್ಲಿ ಫೋನಿದ್ದದ್ದು ಮಾವನ ಪಕ್ಕದ ಆನಂದಪ್ಪನವರ ಮನೆಯಲ್ಲಿ. ಅವರು ಕೂಗಿ ಕರೆದ ಮೇಲೆ ಜಗದಾಂಬ ಬಂದಳು.

"ಊಟ ಹೇಗ್ ನಡೀತಿದೆ?"

ಕೊಟ್ರೇಶ ಬೆಂಚಿನ ಕಡೆ ನೋಡಿದ. ಬೆಂಚು ಕಿವಿ ನಿಮಿರಿಸಿತು.

"ಊಟಕ್ಕೇನು! ಭರ್ಜರಿ ನಡದೈತಿ."

"ರೊಟ್ಟಿ ಬರ್ತಾವಾ?"

"ಬರ್ತಾವಾ ಅಂದ್ರೆ? ದುಂಡಗೆ, ತೆಳ್ಳಗೆ, ಬಲೂನು ಉಬ್ಬಿದಂಗೆ ಉಬ್ತಾವು!"

"ನಿಜವಾಗ್ಲೂ?" ಅವಳ ದನಿ ಮೆತ್ತಗಾಯಿತು. "ನಾನಿಲ್ದೆ ಏನೂ ತೊಂದ್ರೆ ಇಲ್ವಾ?"

ಇಲ್ಲೇ ಹೇಳಿಬಿಡಬೇಕಿತ್ತು. "ತಪ್ಪಾತು" ಎನ್ನಲು ಬಾಯಿ ತೆರೆದ. ಬೆಂಚಿನಲ್ಲಿ ಯಾರೋ ಕೆಮ್ಮಿದರು.

"ಎಂಥಾ ತೊಂದ್ರೆ? ನೀ ಆರಾಮಾಗಿರು."

"ಸರಿ ಬಿಡಿ. ಅಪ್ಪಂಗೆ ಸಕ್ಕರೆ ಕಾಯಿಲೆ ಅಂತ ಗೊತ್ತಾಗಿದೆ ಕಣ್ರೀ. ಡಾಕ್ಟ್ರು ಅನ್ನ ಬಿಡಿಸಿ, ಜೋಳದ ರೊಟ್ಟಿ ತಿನ್ನಿ, ಒಂದು ತಿಂಗ್ಳು ಶಿಕಾರಿಪುರದ ಆಸ್ಪತ್ರೇಲಿ ದಿನಾ ಸೂಜಿ ಹಾಕಿಸ್ಕೊಳ್ಳಿ ಅಂದಿದಾರೆ. ನಾಳೆ ನಾನೇ ಅವ್ರನ್ನ ಅಲ್ಲಿಗೆ ಕರ್ಕೊಂಡು ಬಂದು ಮಾಡಿ ಹಾಕೋಣ ಅಂತ ಬ್ಯಾಗೂ ತುಂಬಿದ್ದೆ. ನಿಮ್ಮ ಕೈಲೇ ಅಷ್ಟು ಚೆನ್ನಾಗಿ ಬರೋವಾಗ ನಾನ್ಯಾಕೆ? ಅಪ್ಪ ಒಬ್ರೇ ಬಂದು ಒಂದು ತಿಂಗ್ಳು ಇರ್ತಾರೆ. ನಾನಿಲ್ಲಿ ಅಮ್ಮನ ಜೊತೆ ಇರ್ತೀನಿ."

ಹಿಂದೆಯೇ ಮಾವ ವೀರಬಸಪ್ಪನವರ ದನಿ: "ಅಳಿಯಂದ್ರೆ, ಬೆಳಿಗ್ಗೆ ಮೊದಲ್ನೇ ಬಸ್ಸಿಗೆ ಹೊರಡ್ತೀನಿ. ಹೊತ್ತಿಗೆ ಮೂರು ರೊಟ್ಟಿ ಸಾಕು, ಜಾಸ್ತಿ ಮಾಡಕ್ಕೆ ಹೋಗ್ಬೇಡಿ ಮಾರಾಯ್ರೆ!"

ಕೊಟ್ರೇಶನ ಮಾನ ಮರ್ಯಾದೆಗಳು ಒಟ್ಟಿಗೇ ರಾಜೀನಾಮೆ ಕೊಟ್ಟವು. ರಿಸೀವರನ್ನು ಎರಡೂ ಕೈಯಲ್ಲಿ ಹಿಡಿದು ಅರಚಿದ: "ಜಗದಾ, ಬಾರೇ ಮಾರಾಯ್ತಿ! ನಂಗೆ ರೊಟ್ಟಿ ಬರಂಗಿಲ್ಲ! ಒಂಬತ್ತು ದಿನದಿಂದ ಬ್ರೆಡ್ ತಿಂದ್ಕೊಂಡು ಬಿದ್ದೀನಿ! ತಪ್ಪೆಲ್ಲಾ ನಂದೇ!"

ಉಚ್ಚಂಗಪ್ಪ ಮೆಲ್ಲಗೆ ಅವನ ಹೆಗಲು ಮುಟ್ಟಿದ. "ಕೊಟ್ರೇಶಣ್ಣ, ಸೊರಬದ ಲೈನು ಆಗ್ಲೇ ಸತ್ತೈತಿ."

ಒಂಬತ್ತು ದಿನ ಮುಚ್ಚಿಟ್ಟ ಸತ್ಯ ಶಿಕಾರಿಪುರದ ಪೇಟೆಗೆಲ್ಲ ಕೇಳಿಸಿತ್ತು. ಕೇಳಬೇಕಾದವಳಿಗೆ ಮಾತ್ರ ಕೇಳಿಸಿರಲಿಲ್ಲ.

ಬೆಂಚಿನಿಂದ ಯಲ್ಲಪ್ಪ ಬಲು ವಿನಯದಿಂದ ಕೇಳಿದ: "ಮಾವನೋರು ಎಷ್ಟೊತ್ತಿಗೆ ಬರ್ತಾರಣ್ಣ? ನಾವೂ ಬರ್ತೀವಿ, ರೊಟ್ಟಿ ಉಬ್ಬೋದು ನೋಡಾಕೆ."