ಚೊಕ್ಕ ಪ್ರತಿ

ಸತ್ತ ಗೆಳೆಯನ ದನಿಯನ್ನು ಎಸ್‌ಟಿ ಬಸ್ಸು ಹತ್ತಿ ಹೋಗಿ, ಕೈಯಾರೆ ದುಡ್ಡು ಕೊಟ್ಟು, ಅಳಿಸಿಕೊಂಡು ಬಂದವನು ಜತ್ತ ತಾಲೂಕಿನಲ್ಲಿ ನಾನೊಬ್ಬನೇ ಇರಬೇಕು.

ಆ ಗೆಳೆಯ ಶಿದ್ರಾಯ, ಮರಾಠಿ ಸೀಮೆಯ ಗಡಿಯಲ್ಲಿರುವ ನಮ್ಮ ಕನ್ನಡದ ಊರು ಉಟಗಿಯಲ್ಲಿ ವಿಡಿಯೊ ಚಿತ್ರಮಂದಿರ ನಡೆಸುತ್ತಿದ್ದ. (ಮಂದಿರವೆಂದರೆ ಅವನ ಕುರಿದೊಡ್ಡಿ. ಕುರಿಗಳು ಮೇಯಲು ಹೋದಾಗ ಆ ಜಾಗದಲ್ಲಿ ನಾವು.) ಮರಾಠಿ ಬಾರದ ಹೆಂಗಸರಿಗಾಗಿ, ಹಳೆಯ ಕಪ್ಪು-ಬಿಳುಪು ಮರಾಠಿ ಚಿತ್ರವೊಂದರ ಕ್ಯಾಸೆಟ್ಟಿಗೆ ಮೈಕ್ ಹಿಡಿದು ತನ್ನ ಕನ್ನಡವನ್ನೂ ಸೇರಿಸಿದ್ದ. ನಾಯಕಿಯ ಅಳುವಿನ ಮೇಲೆ ಇವನ ಕೆಮ್ಮು. ಪೆದ್ದ ಮಾಸ್ತರನೊಬ್ಬ ಬಾವಿಗೆ ಬೀಳುವಲ್ಲಿ, "ನೋಡ್ರಿ, ನಮ್ಮ ಮಹಾಂತ ಮಾಸ್ತರ ಬಿದ್ದ!"

ಮಹಾಂತ ಮಾಸ್ತರ ನಾನೇ. ಆ ಮಾತು ಅಳಿಸೆಂದು ಅವನೊಡನೆ ಮೂವತ್ತು ವರ್ಷ ಜಗಳಾಡಿದೆ.

ಈ ಶ್ರಾವಣದಲ್ಲಿ ಶಿದ್ರಾಯ ತೀರಿಕೊಂಡ. ಆ ದನಿಯನ್ನು ಇನ್ನೊಮ್ಮೆ ಕೇಳಬೇಕೆನಿಸಿತು. ಕ್ಯಾಸೆಟ್ಟಿಗೆ ಬೂಷ್ಟು ಹಿಡಿದಿತ್ತು. ಜತ್ತದ ಸ್ಟುಡಿಯೊಗೆ ಒಯ್ದು, ಮಹಾ ತಜ್ಞನ ಗತ್ತಿನಲ್ಲಿ, "ಡಿಜಿಟಲ್ ಮಾಡ್ರಿ. ಭಾಳ ಚೊಕ್ಕ ಆಗಬೇಕು. ಒಂದು ಗೆರಿ, ಒಂದು ಗದ್ದಲ ಇರಬಾರದು. ಹಳೇದು ಒಗದ್ಬಿಡ್ರಿ" ಎಂದೆ.

ಶಿದ್ರಾಯ ಹೋಗಿ ತಿಂಗಳಾದ ದಿನ, ಗಂಡನ ದನಿ ಕೇಳಿಸುತ್ತೇನೆಂದು ಸಿದ್ದವ್ವನನ್ನು ಮನೆಗೆ ಕರೆದೆ. ಪೆನ್‌ಡ್ರೈವನ್ನು ಟಿವಿಗೆ ಸಿಕ್ಕಿಸಿದೆ. ಚಿತ್ರ ಹಾಲಲ್ಲಿ ತೊಳೆದಂತಿತ್ತು. ನಾಯಕಿ ಅತ್ತಳು. ಕೆಮ್ಮಿಲ್ಲ.

ಸ್ಟುಡಿಯೊಗೆ ಫೋನು ಮಾಡಿದೆ.

"ನಡುನಡುವ ಯಾರೋ ಒದರತಿದ್ರು ಸರ್. ಆ ಗದ್ದಲ ತಗದು, ಬ್ಯಾರೆ ಪ್ರತಿಯಿಂದ ಚಲೋ ಆವಾಜ ಹಚ್ಚೀನ್ರಿ. ನೀವ ಹೇಳಿದ್ರೆಲ್ಲ?"

"ಕ್ಯಾಸೆಟ್ಟು?"

"ಕಸದ ಗಾಡಿ ಒಯ್ತ್ರಿ. ಅದನ್ನೂ ನೀವ ಹೇಳಿದ್ರಿ."

"ಸಾಲಿ ಹುಡುಗರ ಪಾಟಿ ಒರಸಿ ಒರಸಿ ರೂಢಿ ಆಗೇತಿ ನಿಮಗ!" ನನ್ನ ಹೆಂಡತಿ ದಾಕ್ಷಾಯಣಿ ಶುರುಮಾಡಿದಳು. "ಇದ್ದಾಗ ಒರಸು ಒರಸು ಅಂತ ಅವನ ಜೀವಾ ತಿಂದ್ರಿ. ಈಗ ಒರಸೇ ಬಿಟ್ರಿ!"

ನಾನು ಟಿವಿ ಆರಿಸಲು ಎದ್ದೆ.

"ಕುಂದ್ರಿ ಮಾಸ್ತರ," ಎಂದಳು ಸಿದ್ದವ್ವ, ಪರದೆಯಿಂದ ಕಣ್ಣು ಕೀಳದೆ.

ಅಲ್ಲಿ ಪೆದ್ದ ಮಾಸ್ತರ ಬಾವಿಕಟ್ಟೆ ಹತ್ತಿದ್ದ. ಸಿದ್ದವ್ವ ಸೆರಗಿನಿಂದ ಮೂಗೊರೆಸಿಕೊಂಡು, ಥೇಟ್ ಗಂಡನಂತೆ ಕೆಮ್ಮಿದಳು.

"ನೋಡ್ರಿ, ನಮ್ಮ ಮಹಾಂತ ಮಾಸ್ತರ ಬಿದ್ದ!"

ಒಂದಲ್ಲ, ಎರಡು ದನಿ. ದಾಕ್ಷಾಯಣಿಗೂ ಅದು ಬಾಯಿಪಾಠ. ಇಬ್ಬರೂ ನಕ್ಕರು, ಆಮೇಲೆ ನಗು ಎಲ್ಲಿ ಮುಗಿಯಿತೋ ತಿಳಿಯಲಿಲ್ಲ.

ರಿಮೋಟು ನನ್ನ ಕೈಯಲ್ಲಿತ್ತು. ಚಿತ್ರವನ್ನು ಹಿಂದಕ್ಕೆ ಓಡಿಸಿ, ಇನ್ನೊಮ್ಮೆ ಬಾವಿಗೆ ಬಿದ್ದೆ.