ಒಂದು ಲೋಟ ನೀರಿನ ಸನದು

ಚಾಚಾನ ಕಾಟ ತಾಳಲಾರದೆ ಜೋಗೇಶ್ವರಿಯ ಮನೆಯನ್ನೇ ಬಿಟ್ಟು ಬೊರಿವಲಿಗೆ ಓಡಿಹೋಗಬೇಕೆಂದು ಎಷ್ಟು ಸಲ ಅಂದುಕೊಂಡಿದ್ದೆನೋ! ಬೈಯುತ್ತಿದ್ದರೇ? ಇಲ್ಲ. ಸಾಲ ಕೇಳುತ್ತಿದ್ದರೇ? ಅದೂ ಇಲ್ಲ. ನೀರು ಕುಡಿಸುತ್ತಿದ್ದರು!

ಚಾಚಾ ಅಂದರೆ ನಮ್ಮ ಚಾಳಿನ ನೆರೆಯವರು, ವಿಜಾಪುರದ ಕಡೆಯ ಮುಸಲ್ಮಾನರು. ಅವರ ಅಜ್ಜ ಭಿಸ್ತಿ, ಚರ್ಮದ ಚೀಲದಲ್ಲಿ ನೀರು ಹೊತ್ತು ಬದುಕಿದವರು. ಆ ಸೇವೆಗೆ ಮೆಚ್ಚಿ ಬಿಳಿಯರ ಸರ್ಕಾರ ಇಲ್ಲಿಯೇ ಗುಡ್ಡದ ಬುಡದಲ್ಲಿ ಒಂದು ತುಂಡು ನೆಲವನ್ನು, ಅದರಲ್ಲಿದ್ದ ಬಾವಿಯ ಸಮೇತ, ಸನದು ಬರೆದು ಕೊಟ್ಟಿತ್ತು. ಷರತ್ತು ಒಂದೇ: ದಾರಿಹೋಕರಿಗೆ ದಿನವೂ ನೀರು ಕೊಡುವಷ್ಟು ಕಾಲ ನೆಲ ಅವರ ವಂಶದ್ದು. ಒಂದು ದಿನ ತಪ್ಪಿದರೂ ನೆಲ ಹೋಯಿತೆಂದೇ ಚಾಚಾ ನಂಬಿದ್ದರು. ಬಾವಿಯಾದರೋ ಸ್ಟೇಷನ್ನಿನ ದಾರಿಯಲ್ಲೇ ಇತ್ತು. ನಮ್ಮ ಕರ್ಮ!

"ತಮ್ಮಾ, ನೀರ್ ಕುಡದ್ ಹೋಗು."

"ಎಂಟು ಹನ್ನೆರಡರ ಲೋಕಲ್ ತಪ್ಪತೈತ್ರೀ ಚಾಚಾ!"

"ಲೋಕಲ್ ಇನ್ನೊಂದ್ ಬರತೈತಿ. ಸನದು ಇನ್ನೊಂದ್ ಬರತೈತೇನು?"

ಮಳೆಯಲ್ಲಿ ತೊಯ್ದು ತೊಪ್ಪೆಯಾದವನಿಗೂ ನೀರು! ರಂಜಾನಿನಲ್ಲಿ ತಾವು ಗುಟುಕೂ ಮುಟ್ಟದೆ ನಮಗೆ ನೀರು! ಒಮ್ಮೆ ಜೇಬುಗಳ್ಳನೊಬ್ಬ ಓಡಿ ಬಂದ. ಅವನನ್ನು ಅಡ್ಡಗಟ್ಟಿ, ಕುಡಿಸಿ ಕಳಿಸಿದರು. ಬೆನ್ನಟ್ಟಿ ಬಂದ ನಮಗೂ ತಲೆಗೊಂದು ಲೋಟ. ನಾವು ಕುಡಿದು ಬಾಯಿ ಒರೆಸಿಕೊಳ್ಳುವಷ್ಟರಲ್ಲಿ ಕಳ್ಳ ಸಾಂತಾಕ್ರೂಜ್ ಮುಟ್ಟಿರಬೇಕು. ಹೋದದ್ದು ನನ್ನ ಪಾಕೀಟು! ಎಂಟು ದಿನ ನಾನು ಅವರೊಡನೆ ಮಾತು ಬಿಟ್ಟಿದ್ದೆ.

ಅಷ್ಟರಲ್ಲಿ ಚಾಚಾಗೆ ನೆಲ ಖಾಲಿ ಮಾಡಿರೆಂದು ಸರ್ಕಾರದ ನೋಟೀಸು ಬಂತು. ಇಂಗ್ಲಿಷ್ ಓದಬಲ್ಲವನೆಂದು ನನ್ನನ್ನೂ ಕಛೇರಿಗೆ ಎಳೆದುಕೊಂಡು ಹೋದರು. ಗುಮಾಸ್ತ ಸನದನ್ನು ಎರಡು ಬೆರಳಲ್ಲಿ ಎತ್ತಿ ನೋಡಿ, ಕೊಟ್ಟ ಸರ್ಕಾರವೇ ಹೋಗಿದೆ, ಈಗ ನಲ್ಲಿಯೂ ಬಂದಿದೆ, ನಿಮ್ಮ ಸೇವೆ ಯಾರಿಗೆ ಬೇಕು ಎಂದು ಹಿಂದಿಯಲ್ಲಿ ನಕ್ಕ. ಚಾಚಾಗೆ ಸಿಟ್ಟು ನೆತ್ತಿಗೇರಿತು. ಹಿಂದಿ ಮರೆತೇಹೋಯಿತು!

"ಈ ಕಛೇರಿ ಯಾರ್ ಕಟ್ಯಾರ? ಆ ಕೆಂಪ್ ಮೂತಿಯವ್ರು! ಅವ್ರ್ ಹೋದ್ರಂತ ನೀವೇನ್ ಬಯಲಾಗ ಕುಂತೀರೇನು? ಕಟ್ಟಡ ನಡೀತೈತಿ, ಕುರ್ಚಿ ನಡೀತೈತಿ, ನಮ್ಮಜ್ಜನ ಕಾಗದಷ್ಟ ನಡೆಯೂದಿಲ್ಲ? ಸರ್ಕಾರ ಹೋತು, ಖರೇ. ನೀರಡಿಕಿ ಹೋತೇನ್ರೀ?"

ನಾನು ಒಂದಕ್ಷರ ಬಿಡದೆ ಹಿಂದಿ ಮಾಡಿ ಹೇಳಿದೆ. ಗುಮಾಸ್ತ ಮುಂದಿನವರನ್ನು ಕರೆದ. ಅವನ ಮೇಜನ್ನೇ ಉರುಳಿಸಿಬಿಡಬೇಕೆನ್ನಿಸಿತು. ನಾನೂ ಒಬ್ಬ ಗುಮಾಸ್ತನೇ, ಆದರೂ!

ಬೇಸಿಗೆ ಮುಗಿಯುವ ಮೊದಲು ಕೂಲಿಗಳು ಬಾವಿಗೆ ಮಣ್ಣು ತುಂಬಲು ಬಂದರು. ಚಾಚಾ ಮೊದಲೇ ಒಂದು ಕೊಡ ಸೇದಿಟ್ಟು, ಅವರಿಗೂ ಒಬ್ಬೊಬ್ಬರಾಗಿ ಕುಡಿಸಿದರು! ನನಗೆ ಮೈಯೆಲ್ಲ ಉರಿಯಿತು.

"ತಲಿ ಕೆಟ್ಟೈತೇನ್ ಚಾಚಾ ನಿಮಗ? ನಿಮ್ಮ ಬಾವಿ ಮುಚ್ಚಾವ್ರಿಗೆ ನೀರ?"

"ಬಿಸಲಾಗ ಬಂದಾರ. ದಾರಿಹೋಕರ ಅಲ್ಲೇನು ಅವ್ರೂ?"

ತಂತಿ ಬೇಲಿ ಬಂತು, ಸರ್ಕಾರಿ ಜಾಗವೆಂಬ ಹಲಗೆ ಬಂತು. ಸ್ಟೇಷನ್ನಿನ ದಾರಿ ಸುತ್ತಿಬಳಸಿ ಆಚೆ ಹೋಯಿತು. ನಾನು ದಿನವೂ ಲೋಕಲ್ ಹಿಡಿಯತೊಡಗಿದೆ. ಪೀಡೆ ತೊಲಗಿತಲ್ಲ!

ಒಂದು ಸಂಜೆ ಆಫೀಸಿನಿಂದ ಬರುವಾಗ ದೂರದಿಂದ ಚಾಚಾ ಕಂಡರು. ನಲ್ಲಿಯ ಸಾಲಿನಲ್ಲಿ ನಿಂತು ತುಂಬಿಸಿ ತಂದ ಕೊಡ ಮುಂದಿಟ್ಟುಕೊಂಡು, ಬೇಲಿಗೆ ಒರಗಿ ಒಬ್ಬರೇ ಕೂತಿದ್ದರು. ಕೊಡ ಕಂಠದವರೆಗೆ ತುಂಬಿತ್ತು, ಲೋಟ ಒಣಗಿತ್ತು. ನನ್ನನ್ನು ಕಂಡರೂ ಕೂಗಲಿಲ್ಲ. ಅವರು ಕೂಗದೆ ಇದ್ದದ್ದು ಅದೇ ಮೊದಲು.

ಹತ್ತಿರ ಹೋದೆ. "ಚಾಚಾ, ನೀರಡಿಕಿ ಆಗೈತ್ರೀ."

ಚಾಚಾ ಒಮ್ಮೆ ನನ್ನನ್ನು ನೋಡಿದರು, ಒಮ್ಮೆ ಇನ್ನೂ ಮುಳುಗದ ಸೂರ್ಯನನ್ನು ನೋಡಿದರು. ಅವಸರದಲ್ಲಿ ಲೋಟ ತುಂಬುವಾಗ ಅರ್ಧ ನೀರು ನನ್ನ ಚಪ್ಪಲಿಯ ಮೇಲೆ ಚೆಲ್ಲಿತು.

"ಮುಂಜಾನಿಂದ ಒಬ್ಬಾಂವೂ ಬಂದಿದ್ದಿಲ್ಲ ತಮ್ಮಾ," ಎಂದರು. "ಮಾತು ಸರ್ಕಾರದವ್ರು ತಪ್ಪಿದ್ರು. ನಾವ್ ಇವತ್ತೂ ತಪ್ಪಲಿಲ್ಲ ನೋಡು."

ನಾನು ಇನ್ನೊಂದು ಲೋಟಕ್ಕೆ ಕೈಯೊಡ್ಡಿದೆ.